ಸೈಡ್ ವಿಂಗಿನಿಂದ ಕಂಡ ಕಾರ್ನಾಡರು

ಗಿರೀಶ ಕಾರ್ನಾಡರನ್ನು ನಾನು ಒಮ್ಮೆಯೂ ಮುಖತಃ ಕಂಡವನಲ್ಲ. ಮಾತಾಡಿಸಿಲ್ಲ, ಕಾಗದ ಬರೆದಿಲ್ಲ. ಆದರೂ ಅವರ ಮಾತುಗಳನ್ನು ನನ್ನಷ್ಟು ಸಲ ಪಿಸುದನಿಯಲ್ಲಿ ಹೇಳಿದವರು ಹೈದರಾಬಾದಿನಲ್ಲಿ ಇನ್ನೊಬ್ಬರು ಸಿಗಲಿಕ್ಕಿಲ್ಲ. ಕಾಚಿಗುಡದ ನಮ್ಮ ಹವ್ಯಾಸಿ ನಾಟಕ ತಂಡದಲ್ಲಿ ನಾನು ಪ್ರಾಂಪ್ಟರ್ ಆಗಿದ್ದೆ. ನನ್ನ ದನಿ ಸಣ್ಣದು, ಕೊನೆಯ ಸಾಲಿಗೆ ಮುಟ್ಟುತ್ತಿರಲಿಲ್ಲ. ಆದರೆ ಕನ್ನಡವನ್ನು ತಡವರಿಸದೆ ಓದುತ್ತಿದ್ದೆ, ನೆನಪೂ ಗಟ್ಟಿಯಿತ್ತು. ಅದಕ್ಕೇ ಪುಸ್ತಕ ಕೈಗೆ ಕೊಟ್ಟು ವಿಂಗಿನ ಮರೆಯಲ್ಲಿ ಕೂರಿಸಿದರು. ಮೂವತ್ತು ವರ್ಷ ಅಲ್ಲೇ ಕೂತೆ.

ನಮ್ಮದು ಸೇಡಂ ಕಡೆಯ ಮನೆತನ. ಅಪ್ಪ ಓದಿದ್ದು ನಿಜಾಮರ ಕಾಲದಲ್ಲಿ, ಉರ್ದು ಮಾಧ್ಯಮದಲ್ಲಿ. ಕಚೇರಿಯ ಕಾಗದ ಉರ್ದುವಿನಲ್ಲಿ, ಅಂಗಡಿಯ ವ್ಯವಹಾರ ತೆಲುಗಿನಲ್ಲಿ, ಅವ್ವನ ಜೊತೆ ಮಾತು ಕಲಬುರ್ಗಿ ಕನ್ನಡದಲ್ಲಿ. 1956ರ ನವೆಂಬರ್ 1ಕ್ಕೆ ಹೈದರಾಬಾದ್ ರಾಜ್ಯ ಮೂರು ಪಾಲಾಯಿತು. ಕಲಬುರ್ಗಿ, ರಾಯಚೂರು, ಬೀದರ ಜಿಲ್ಲೆಗಳು ಮೈಸೂರಿಗೆ ಹೋದವು, ಮರಾಠವಾಡ ಮುಂಬೈ ಪ್ರಾಂತಕ್ಕೆ, ತೆಲಂಗಾಣ ಆಂಧ್ರಕ್ಕೆ. ಅಪ್ಪನ ಊರು ಒಂದು ರಾಜ್ಯಕ್ಕೆ ಹೋಯಿತು, ನೌಕರಿ ಇನ್ನೊಂದರಲ್ಲಿ ಉಳಿಯಿತು. ಮಕ್ಕಳು ಸಣ್ಣವರಿದ್ದೆವು, ನೌಕರಿ ಬಿಡುವ ಹಾಗಿರಲಿಲ್ಲ. ನನ್ನನ್ನು ನೃಪತುಂಗ ಶಾಲೆಗೆ ಹಾಕಿದರು. ಅಪ್ಪನಿಗೆ ಕನ್ನಡ ಮಾತಾಡಲು ಬರುತ್ತಿತ್ತೇ ಹೊರತು ಅಕ್ಷರ ಬರುತ್ತಿರಲಿಲ್ಲ. ನಾನು ಮೂರನೆಯ ಇಯತ್ತೆಯಲ್ಲಿದ್ದಾಗ ನನ್ನ ಪಠ್ಯಪುಸ್ತಕ ಇಟ್ಟುಕೊಂಡು, ರಾತ್ರಿ ಊಟವಾದ ಮೇಲೆ, ನನ್ನಿಂದಲೇ ಅಕ್ಷರ ಕಲಿತರು. ಸಾಲಿನ ಕೆಳಗೆ ಬೆರಳಿಟ್ಟು ಓದುವುದು ಅವರಿಗೆ ಕೊನೆಯವರೆಗೂ ರೂಢಿಯಾಗಿ ಉಳಿಯಿತು.

ಇಷ್ಟನ್ನು ಹೇಳಲು ಕಾರಣವಿದೆ. ಕಾರ್ನಾಡರ ಮನೆಮಾತು ಕೊಂಕಣಿ. 1938ರಲ್ಲಿ ಮಾಥೇರಾನಿನಲ್ಲಿ ಹುಟ್ಟಿ, ಶಿರಸಿಯಲ್ಲಿ ಬೆಳೆದು, ಧಾರವಾಡದಲ್ಲಿ ಗಣಿತ, ಸಂಖ್ಯಾಶಾಸ್ತ್ರ ಓದಿ, ರೋಡ್ಸ್ ವಿದ್ಯಾರ್ಥಿವೇತನ ಪಡೆದು ಆಕ್ಸ್‌ಫರ್ಡಿಗೆ ಹೋದವರು. ಇಂಗ್ಲಿಷಿನಲ್ಲಿ ಕವಿಯಾಗಬೇಕೆಂದು ಕನಸು ಕಂಡಿದ್ದರು. ಆದರೆ ವಿಲಾಯತಿಗೆ ಹೊರಡುವ ತಯಾರಿಯ ನಡುವೆ ಅವರೊಳಗಿಂದ ಹೊರಬಂದದ್ದು ‘ಯಯಾತಿ’, ಕನ್ನಡದಲ್ಲಿ ಬಂದದ್ದು, ನಾಟಕವಾಗಿ ಬಂದದ್ದು. 1961ರಲ್ಲಿ ಧಾರವಾಡದ ಮನೋಹರ ಗ್ರಂಥಮಾಲೆ ಅದನ್ನು ಅಚ್ಚು ಹಾಕಿದಾಗ ಅವರಿಗೆ 23 ವರ್ಷ. ಐದಾರು ಭಾಷೆಗಳ ನಡುವೆ ಬದುಕಿ, ಬರೆಯುವಾಗ ಮುಖ್ಯವಾಗಿ ಒಂದನ್ನೇ ಹಿಡಿದ ಮನುಷ್ಯ. ಮೈಸೂರಿನಲ್ಲೋ ಶಿವಮೊಗ್ಗದಲ್ಲೋ ಹುಟ್ಟಿದವರಿಗೆ ಇದು ದೊಡ್ಡ ಸಂಗತಿ ಅನ್ನಿಸದಿರಬಹುದು. ಮನೆಯ ಹೊಸ್ತಿಲು ದಾಟಿದರೆ ತೆಲುಗು, ಗಲ್ಲಿ ದಾಟಿದರೆ ದಖನಿ ಉರ್ದು ಕೇಳುವ ಊರಿನ ಕನ್ನಡಿಗನಿಗೆ ಇದು ಬದುಕಿನ ಪ್ರಶ್ನೆ.

ನಮ್ಮ ತಂಡ ಕಾರ್ನಾಡರ ‘ತುಘಲಕ್’ ಆಡಲು ನಿರ್ಧರಿಸಿದ್ದು ಎಪ್ಪತ್ತರ ದಶಕದ ನಡುಭಾಗದಲ್ಲಿ. ನಾನು ಆಗಷ್ಟೇ ಬ್ಯಾಂಕಿನಲ್ಲಿ ಗುಮಾಸ್ತನಾಗಿ ಸೇರಿದ್ದೆ. ಕಾಚಿಗುಡದ ಕರ್ನಾಟಕ ಸಾಹಿತ್ಯ ಮಂದಿರ ಆಗ ನಮಗೆಲ್ಲ ಸಂಜೆಯ ಮನೆ. ಕೈಯಲ್ಲಿ ಇದ್ದದ್ದು ನಾಟಕದ ಒಂದೇ ಪ್ರತಿ. ಪಾತ್ರಧಾರಿಗಳಿಗೆ ಅವರವರ ಮಾತುಗಳನ್ನು ಬೇರೆ ಬೇರೆ ನೋಟ್‌ಬುಕ್ಕಿನಲ್ಲಿ ಬರೆದುಕೊಡುವ ಕೆಲಸ ನನ್ನದಾಯಿತು. ಹದಿಮೂರು ದೃಶ್ಯಗಳನ್ನು ಕೈಯಲ್ಲಿ ಬರೆದೆ. ಬರೆದ ಹಾಗೆ ಬಾಯಿಗೆ ಬಂತು.

ತಾಲೀಮಿಗೆ ಒಬ್ಬ ಹಿರಿಯರು ಬಂದು ಕೂರುತ್ತಿದ್ದರು. ಬೀದರ ಮೂಲದವರು, ಬರ್ಕತ್‌ಪುರದಲ್ಲಿ ವಾಸ, ಉರ್ದು ಕಲಿಸಿ ನಿವೃತ್ತರಾದವರು. ನಾವೆಲ್ಲ ಅವರನ್ನು ಮಾಸ್ತರ್ ಸಾಹೇಬ್ರು ಅನ್ನುತ್ತಿದ್ದೆವು. ಬೆತ್ತದ ಕುರ್ಚಿ ಹಾಕಿಕೊಂಡು, ಕಣ್ಣು ಮುಚ್ಚಿ ಕೇಳುವುದು. ತಪ್ಪಾದ ಕೂಡಲೆ ಬೆರಳು ಎತ್ತುವುದು. ತುಘಲಕನ ಪಾತ್ರ ಮಾಡುತ್ತಿದ್ದ ಗೆಳೆಯ ಖುದಾನ ಹೆಸರು ಎತ್ತಿದಾಗಲೆಲ್ಲ ಬೆರಳು ಮೇಲೆ ಹೋಗುತ್ತಿತ್ತು.

“ಖಡ್ಗದ ‘ಖ’ ಅಲ್ಲಪಾ ಇದು. ಇಲ್ಲಿ, ಗಂಟಲದಾಗ ತುಸು ಕೆರೀಬೇಕು. ಕೈ ತಾ.” ಹಾಗೆಂದು ಗೆಳೆಯನ ಕೈಯನ್ನು ಎಳೆದು ತಮ್ಮ ಗಂಟಲಿನ ಮೇಲೆ ಇಟ್ಟುಕೊಂಡು, ಆ ಅಕ್ಷರವನ್ನು ಮೂರು ಸಲ ಹೇಳಿದರು. ಬೆರಳ ತುದಿಗೆ ಆ ನಡುಕ ತಿಳಿಯಲಿ ಎಂದು. ಗೆಳೆಯ ಆಮೇಲೆ ತನ್ನ ಗಂಟಲನ್ನೂ ಮುಟ್ಟಿಕೊಂಡು ಹೇಳಿದ, ಬಂತು. ಅಲ್ಲಿದ್ದವರೆಲ್ಲ ತಮ್ಮ ತಮ್ಮ ಗಂಟಲು ಹಿಡಿದು ಹೇಳತೊಡಗಿದರು, ವಿಂಗಿನಲ್ಲಿದ್ದ ನಾನೂ. ಒಂದು ಕನ್ನಡ ನಾಟಕದ ಉರ್ದು ಮಾತನ್ನು ಇಷ್ಟು ಜತನದಿಂದ ಕಲಿಸಿ ತಿದ್ದಿದ ಊರು ಇನ್ನೊಂದು ಇದ್ದೀತೆ ಎಂದು ಈಗಲೂ ಅಭಿಮಾನ ಪಡುತ್ತೇನೆ.

ಪ್ರಾಂಪ್ಟರನಿಗೆ ಒಂದು ವಿಷಯ ಬೇರೆ ಯಾರಿಗಿಂತಲೂ ಚೆನ್ನಾಗಿ ತಿಳಿಯುತ್ತದೆ. ಯಾವ ನಾಟಕಕಾರನ ಮಾತು ನಟನ ಬಾಯಲ್ಲಿ ನಿಲ್ಲುತ್ತದೆ, ಯಾರದು ಜಾರುತ್ತದೆ ಎಂಬುದು. ಹೆಸರಾಂತ ಲೇಖಕರ ನಾಟಕಗಳಿಗೂ ನಾನು ಒಂದೊಂದು ಪ್ರದರ್ಶನದಲ್ಲಿ ಇಪ್ಪತ್ತು ಸಲ ಮಾತು ಎತ್ತಿಕೊಟ್ಟಿದ್ದೇನೆ. ಓದಲು ಚೆಂದವಾಗಿರುತ್ತವೆ, ಉಸಿರಿಗೆ ಒಗ್ಗುವುದಿಲ್ಲ. ‘ತುಘಲಕ್’ಗೆ ಹಾಗಾಗಲಿಲ್ಲ. ಉದ್ದ ಮಾತುಗಳಲ್ಲೂ ಒಂದು ವಾಕ್ಯ ಮುಂದಿನ ವಾಕ್ಯವನ್ನು ಕೈಹಿಡಿದು ಕರೆಯುತ್ತಿತ್ತು. ಬರೆದವನು ಅದನ್ನು ಮೊದಲು ತನ್ನ ಬಾಯಿಂದ ಆಡಿ ನೋಡಿದ್ದಾನೆ ಎಂಬುದು ವಿಂಗಿನಲ್ಲಿ ಕೂತವನಿಗೆ ಗೊತ್ತಾಗಿಬಿಡುತ್ತದೆ.

ಇನ್ನೂ ಒಂದು. ‘ತುಘಲಕ್’ನ ರಚನೆಯಲ್ಲಿ ಹಳೆಯ ಕಂಪನಿ ನಾಟಕದ ಉಪಾಯವಿದೆ. ಮುಂದಿನ ಪರದೆ ಇಳಿಬಿಟ್ಟು ಎದುರಿಗೆ ಬೀದಿಯ ಮಂದಿಯ ಹಾಸ್ಯ ನಡೆಸುವುದು, ಅಷ್ಟರಲ್ಲಿ ಹಿಂದೆ ಅರಮನೆ ಸಜ್ಜಾಗುವುದು. ಕಾರ್ನಾಡರೇ ಇದನ್ನು ಹೇಳಿಕೊಂಡಿದ್ದಾರೆ. ಆದರೆ ಅವರ ಕೈಯಲ್ಲಿ ಆ ಹಾಸ್ಯದ ಜೋಡಿ, ಅಜೀಜ್ ಮತ್ತು ಆಜಮ್, ಅರಮನೆಯೊಳಗೇ ನುಗ್ಗಿಬಿಡುತ್ತದೆ. ಅಗಸರ ಅಜೀಜ್ ಸುಲ್ತಾನನ ಒಂದೊಂದು ಆದರ್ಶವನ್ನೂ ತನ್ನ ಲಾಭಕ್ಕೆ ಬಳಸಿಕೊಂಡು ಕೊನೆಗೆ ಸುಲ್ತಾನನ ಎದುರಿಗೇ ನಿಲ್ಲುತ್ತಾನೆ. ಶಿರಸಿಯಲ್ಲಿ ಬಾಲಕನಾಗಿದ್ದಾಗ ಕಂಡ ಕಂಪನಿ ನಾಟಕ, ಯಕ್ಷಗಾನಗಳು ಆಕ್ಸ್‌ಫರ್ಡಿಗೆ ಹೋಗಿ ಬಂದ ಮೇಲೂ ಅವರ ಕೈ ಬಿಡಲಿಲ್ಲ.

ಪ್ರದರ್ಶನದ ದಿನ ನಡೆದದ್ದನ್ನು ಹೇಳದೆ ಮುಂದೆ ಹೋಗಲಾರೆ. ಆರನೆಯ ದೃಶ್ಯ. ಸುಲ್ತಾನ ಅಮೀರರನ್ನು ಕರೆಸಿ ರಾಜಧಾನಿ ದೌಲತಾಬಾದಿಗೆ ಹೋಗುವುದನ್ನು, ತಾಮ್ರದ ನಾಣ್ಯ ಬರುವುದನ್ನು ಹೇಳುತ್ತಾನೆ. ಅವರು ಪ್ರಾರ್ಥನೆಯ ಹೊತ್ತಿನಲ್ಲಿ ಅವನನ್ನು ಕೊಲ್ಲಲು ಸಂಚು ಮಾಡಿ ಬಂದಿದ್ದಾರೆ. ನಾಟಕದಲ್ಲೇ ಅಲ್ಲಿ ಒಂದು ಅಜಾನ್ ಇದೆ. ನಮ್ಮ ಹುಡುಗನೊಬ್ಬ ಅದನ್ನು ಹೇಳಲು ನನ್ನ ಬೆನ್ನ ಹಿಂದೆ ತಯಾರಾಗಿ ನಿಂತಿದ್ದ. ಅದಕ್ಕಿನ್ನೂ ಹತ್ತು ಹನ್ನೆರಡು ಮಾತು ಇರುವಾಗ, ಹೊರಗಿನ ಮಸೀದಿಯಿಂದ ನಿಜವಾದ ಇಶಾ ಅಜಾನ್ ಕೇಳಿಸಿತು. ರಂಗದ ಮೇಲಿದ್ದ ಗೆಳೆಯ ನನ್ನ ಕಡೆ ನೋಡಿದ. ಏನು ಮಾಡಬೇಕೆಂದು ನನಗೂ ತೋಚಲಿಲ್ಲ. ಅಂಗೈ ಎತ್ತಿ ತೋರಿಸಿದೆ, ನಿಲ್ಲು ಎಂದು. ಅವನು ನಿಂತ, ಅಮೀರರೂ ನಿಂತರು. ಪ್ರೇಕ್ಷಕರಲ್ಲಿದ್ದ ಕೆಲವು ಹೆಂಗಸರು ತಲೆಯ ಮೇಲೆ ಸೆರಗು ಎಳೆದುಕೊಂಡರು, ಅವರಲ್ಲಿ ನನ್ನ ಅವ್ವನೂ ಒಬ್ಬಳು. ಅಜಾನ್ ಪೂರ್ತಿ ಮುಗಿಯುವ ತನಕ ಒಬ್ಬರೂ ಕೆಮ್ಮಲಿಲ್ಲ. ಆಮೇಲೆ ಗೆಳೆಯ ಬಿಟ್ಟ ಮಾತನ್ನೇ ಹಿಡಿದು ಮುಂದುವರಿಸಿದ. ನಮ್ಮ ಹುಡುಗ ತನ್ನ ಅಜಾನ್ ಹೇಳಲಿಲ್ಲ, ನಾನೇ ಬೇಡವೆಂದೆ. ಅಮೀರರು ನೇರ ಪ್ರಾರ್ಥನೆಗೆ ಕೂತರು. ಮುಗಿದ ಮೇಲೆ ಮಾಸ್ತರ್ ಸಾಹೇಬರು ಒಳಗೆ ಬಂದು ನನ್ನ ತಲೆಯ ಮೇಲೆ ಕೈಯಿಟ್ಟರು, ಏನೂ ಹೇಳಲಿಲ್ಲ.

ಆ ‘ತುಘಲಕ್’ ಪುಸ್ತಕವನ್ನು ಅಪ್ಪ ಆಮೇಲೆ ಹನ್ನೊಂದು ದಿನ ಹಿಡಿದು ಓದಿದರು. ಬೆರಳಿಟ್ಟು, ಸಾಲು ಸಾಲಾಗಿ. ಅವರು ಆದಿಯಿಂದ ಅಂತ್ಯದವರೆಗೆ ಓದಿದ ಮೊದಲ ಕನ್ನಡ ಪುಸ್ತಕ ಅದು.

ಅದೇ ಹೊತ್ತಿಗೆ, 1975ರಲ್ಲಿ, ‘ನಿಶಾಂತ್’ ಬಂತು. ಶ್ಯಾಮ್ ಬೆನೆಗಲ್ ನಮ್ಮ ಊರಿನವರು. ತಿರುಮಲಗಿರಿಯಲ್ಲಿ ಬೆಳೆದು, ನಿಜಾಮ್ ಕಾಲೇಜಿನಲ್ಲಿ ಓದಿ, ಇಲ್ಲೇ ಫಿಲಂ ಸೊಸೈಟಿ ಕಟ್ಟಿದವರು. ಮನೆಮಾತು ಅವರದೂ ಕೊಂಕಣಿಯೇ. ವಿಜಯ ತೆಂಡೂಲ್ಕರರ ಕಥೆ, ಚಿತ್ರೀಕರಣ ಪೋಚಂಪಲ್ಲಿಯಲ್ಲಿ. 1951ರಲ್ಲಿ ವಿನೋಬಾ ಭಾವೆಯವರಿಗೆ ಮೊದಲ ಭೂದಾನ ಸಿಕ್ಕ ನೇಕಾರರ ಊರು ಅದು. ಜಮೀನ್ದಾರರ ದರ್ಪದ ಚಿತ್ರವನ್ನು ಅಂಥ ಊರಿನಲ್ಲೇ ತೆಗೆದರು. ಕಾರ್ನಾಡರದು ಶಾಲಾ ಮಾಸ್ತರನ ಪಾತ್ರ. ಹೆಂಡತಿಯನ್ನು ಜಮೀನ್ದಾರರ ಮನೆಯವರು ಹೊತ್ತೊಯ್ಯುತ್ತಾರೆ. ಮಾಸ್ತರ ಪೊಲೀಸರ ಹತ್ತಿರ ಹೋಗುತ್ತಾನೆ, ಕಲೆಕ್ಟರರ ಹತ್ತಿರ ಹೋಗುತ್ತಾನೆ, ಯಾರೂ ಏನೂ ಮಾಡುವುದಿಲ್ಲ. ಶಬಾನಾ ಆಜ್ಮಿ, ಸ್ಮಿತಾ ಪಾಟೀಲ್, ಅಮರೀಶ್ ಪುರಿ, ನಮ್ಮ ಅನಂತನಾಗ್, ಜೊತೆಗೆ ಹೊಸ ಹುಡುಗ ನಸೀರುದ್ದೀನ್ ಶಾ. ಆ ಹುಡುಗ ಪುಣೆಯ ಫಿಲಂ ಇನ್‌ಸ್ಟಿಟ್ಯೂಟಿನಲ್ಲಿ ಕಾರ್ನಾಡರು ನಿರ್ದೇಶಕರಾಗಿದ್ದಾಗ ಅವರ ವಿರುದ್ಧ ಮುಷ್ಕರಕ್ಕೆ ಕೂತವನು. ಬೆನೆಗಲ್ ಅವರಿಗೆ ಅವನ ಹೆಸರನ್ನು ಹೇಳಿದವರು ಕಾರ್ನಾಡರೇ. ಇದನ್ನು ಓದಿ ತಿಳಿದ ದಿನ ನನ್ನ ಮನಸ್ಸಿನಲ್ಲಿ ಅವರು ಇನ್ನೂ ಒಂದು ಮೆಟ್ಟಿಲು ಮೇಲೆ ಹೋದರು.

ಅಪ್ಪನನ್ನು ಕರೆದುಕೊಂಡು ಆಬಿಡ್ಸಿಗೆ ಹೋಗಿ ನೋಡಿದೆ. ಪರದೆಯ ಮೇಲೆ ನಮ್ಮ ಗಲ್ಲಿಯ ದಖನಿ ಕೇಳಿಸಿದಾಗ ಜನ ಮೊದಮೊದಲು ಖುಷಿಯಿಂದ ಕೂಗಿದರು. ‘ನಕ್ಕೋ’, ‘ಹೌ’ ಅನ್ನುವ ಮಾತು ಹಿಂದಿ ಸಿನಿಮಾದಲ್ಲಿ ಹೆಚ್ಚಾಗಿ ನಗೆಗೇ ಬರುತ್ತಿತ್ತು. ಇಲ್ಲಿ ಅದು ದುಃಖದ ಭಾಷೆಯಾಗಿತ್ತು. ಸ್ವಲ್ಪ ಹೊತ್ತಿಗೆ ಕೂಗು ನಿಂತಿತು. ಚಿತ್ರದಲ್ಲಿ ಕೇಳುವ ಗಜಲು ಈ ಊರು ಕಟ್ಟಿಸಿದ ಮುಹಮ್ಮದ್ ಕುಲಿ ಕುತುಬ್ ಶಾಹನದು.

ಮನೆಗೆ ನಡೆದೇ ಬಂದೆವು. ಅಪ್ಪ ದಾರಿಯುದ್ದ ಮಾತಾಡಲಿಲ್ಲ. ಅಂಗಳದಲ್ಲಿ ಕಾಲು ತೊಳೆಯುವಾಗ ಒಮ್ಮೆಲೇ ಅಂದರು: “ಅಂವಾ ಕಚೇರಿ ಬಾಗಿಲದಾಗ ನಿಂತಿದ್ದು ನೋಡಿದಿ? ತಹಸೀಲ ಕಚೇರ್‍ಯಾಗ ಇದ್ದಾಗ ಹಂಗ ನಿಂತ ಮಂದೀನ ನಾ ಭಾಳ ನೋಡೀನಿ. ತಲಿ ಎತ್ತದ ಬರಕೋತ ಕೂತಿರ್ತಿದ್ದೆ.” ಅವರು ತಂಬಿಗೆ ಕೆಳಗಿಟ್ಟ ಸದ್ದು ಇನ್ನೂ ನನ್ನ ಕಿವಿಯಲ್ಲಿದೆ. ಅಪ್ಪನ ಆ ಹಳೆಯ ನೌಕರಿಯ ಬಗ್ಗೆ ಅದಕ್ಕೆ ಮುಂಚೆ ಅವರ ಬಾಯಿಂದ ನಾನು ಒಂದು ಮಾತೂ ಕೇಳಿರಲಿಲ್ಲ.

ನಟನಾಗಿ ಕಾರ್ನಾಡರನ್ನು ಕೆಲವರು ಬಿಗಿ ಅನ್ನುತ್ತಾರೆ. ನಾನು ಒಪ್ಪುವುದಿಲ್ಲ. ‘ಸಂಸ್ಕಾರ’ದ ಪ್ರಾಣೇಶಾಚಾರ್ಯ ಇರಲಿ, ‘ನಿಶಾಂತ್’ನ ಮಾಸ್ತರ ಇರಲಿ, ‘ಮಂಥನ್’ನ ಡಾಕ್ಟರ್ ರಾವ್ ಇರಲಿ, ಅವರು ಮಾಡಿದ್ದು ಓದಿದವರ ಪಾತ್ರಗಳು, ಓದು ಕೈಕೊಡುವ ಗಳಿಗೆಯಲ್ಲಿ ಸಿಕ್ಕಿಬಿದ್ದವರ ಪಾತ್ರಗಳು. ಅಂಥವರು ಕೂಗಾಡುವುದಿಲ್ಲ. ಒಳಗೇ ಬಿಗಿದುಕೊಳ್ಳುತ್ತಾರೆ. ನನ್ನ ಅಪ್ಪನ ಹಾಗೆ.

‘ಸಂಸ್ಕಾರ’ದ ಮಾತು ಬಂದದ್ದರಿಂದ ಇದನ್ನೂ ಹೇಳಬೇಕು. 1970ರಲ್ಲಿ ಕನ್ನಡಕ್ಕೆ ರಾಷ್ಟ್ರಪತಿಗಳ ಸ್ವರ್ಣಪದಕ ತಂದ ಆ ಚಿತ್ರವನ್ನು ನಿರ್ದೇಶಿಸಿದ ಪಟ್ಟಾಭಿರಾಮ ರೆಡ್ಡಿ ನೆಲ್ಲೂರಿನವರು, ತೆಲುಗಿನ ಹೊಸಕಾವ್ಯದ ದೊಡ್ಡ ಹೆಸರು. ಕಾರ್ನಾಡರು ಆಗ ಮದರಾಸಿನ ಆಕ್ಸ್‌ಫರ್ಡ್ ಯೂನಿವರ್ಸಿಟಿ ಪ್ರೆಸ್ಸಿನಲ್ಲಿ ನೌಕರರು, ಅಲ್ಲಿನ ಮದ್ರಾಸ್ ಪ್ಲೇಯರ್ಸ್ ತಂಡದ ನಟರು. ಅನಂತಮೂರ್ತಿಯವರ ಕಾದಂಬರಿ, ತೆಲುಗು ಕವಿಯ ನಿರ್ದೇಶನ, ಕೊಂಕಣಿ ಮನೆಮಾತಿನ ನಟ, ಆಸ್ಟ್ರೇಲಿಯಾದ ಛಾಯಾಗ್ರಾಹಕ. ಆದರೂ ಅದಕ್ಕಿಂತ ಹೆಚ್ಚು ಕನ್ನಡವಾದ ಸಿನಿಮಾ ನನಗೆ ಗೊತ್ತಿಲ್ಲ. ಆ ವರ್ಷವೇ ಅವರು ನೌಕರಿ ಬಿಟ್ಟರು.

ಮುಂದಿನ ವರ್ಷಗಳನ್ನು ಎಲ್ಲರೂ ಬಲ್ಲರು. ‘ವಂಶವೃಕ್ಷ’, ‘ಕಾಡು’, ‘ಒಂದಾನೊಂದು ಕಾಲದಲ್ಲಿ’, ದೂರದರ್ಶನದ ‘ಮಾಲ್ಗುಡಿ ಡೇಸ್’. ತೆಲುಗಿನವರಿಗೆ ಅವರು ಹತ್ತಿರವಾದದ್ದು ಜಂಧ್ಯಾಲರ ‘ಆನಂದಭೈರವಿ’ಯಿಂದ. ಅದರಲ್ಲಿ ಕೂಚಿಪುಡಿ ಗುರುವಿನ ಪಾತ್ರ. ನಮ್ಮ ಪಕ್ಕದ ಮನೆಯ ಅತ್ತಮ್ಮ ಅದನ್ನು ನೋಡಿ ಬಂದು, “ಆಯನ ಮಾ ಕೃಷ್ಣಾ ಜಿಲ್ಲಾ ವಾರೇ”, ಅವರು ನಮ್ಮ ಕೃಷ್ಣಾ ಜಿಲ್ಲೆಯವರೇ, ಎಂದು ನನ್ನ ಅವ್ವನ ಜೊತೆ ವಾದಕ್ಕೆ ನಿಂತಿದ್ದರು. ಅವ್ವ ಒಳಗಿನಿಂದ ‘ತುಘಲಕ್’ ಪುಸ್ತಕ ತಂದು, ಹಿಂದಿನ ರಟ್ಟಿನ ಫೋಟೋ ತೋರಿಸಿ ಗೆದ್ದಳು. ಆಮೇಲೆ ‘ಪ್ರೇಮಿಕುಡು’ವಿನ ರಾಜ್ಯಪಾಲ, ‘ಧರ್ಮಚಕ್ರಂ’ನ ತಂದೆ, 2004ರಲ್ಲಿ ‘ಶಂಕರ್ ದಾದಾ ಎಂಬಿಬಿಎಸ್’ನಲ್ಲಿ ಚಿರಂಜೀವಿಯ ತಂದೆ. ನಮ್ಮ ಬ್ಯಾಂಕಿಗೆ ಹೊಸದಾಗಿ ಸೇರಿದ ಹುಡುಗರಿಗೆ ಕಾರ್ನಾಡ ಅಂದರೆ ಗೊತ್ತಾಗುತ್ತಿರಲಿಲ್ಲ, ಚಿರಂಜೀವಿ ತಂದೆ ಅಂದರೆ ಗೊತ್ತಾಗುತ್ತಿತ್ತು. 1998ರಲ್ಲಿ ಜ್ಞಾನಪೀಠ ಪಡೆದವರನ್ನು ಹೀಗೆ ಗುರುತಿಸುತ್ತಾರಲ್ಲ ಎಂದು ಬಹಳ ದಿನ ನೊಂದುಕೊಂಡೆ.

ಆ ನೋವು ಹೋದದ್ದು 2011ರಲ್ಲಿ ಅವರ ಆತ್ಮಕಥೆ ‘ಆಡಾಡತ ಆಯುಷ್ಯ’ ಓದಿದ ಮೇಲೆ. ತಾನು ಹುಟ್ಟುವ ಮೊದಲೇ ತೆಗೆಸಿಬಿಡಬೇಕೆಂದು ತಾಯಿ ಪುಣೆಯ ಡಾಕ್ಟರೊಬ್ಬರ ದವಾಖಾನೆಗೆ ಹೋಗಿದ್ದು, ಆ ದಿನ ಡಾಕ್ಟರ್ ಬಾರದೆ ಹೋದದ್ದರಿಂದ ತಾನು ಬದುಕಿದ್ದು, ಇದನ್ನು ಹೇಳಿ ಆ ಡಾಕ್ಟರ್ ಮಧುಮಾಲತಿ ಗುಣೆಯವರಿಗೇ ಪುಸ್ತಕ ಅರ್ಪಿಸಿದ ಮನುಷ್ಯ ಬೇರೆ ಯಾವುದನ್ನೂ ಮುಚ್ಚಿಡುವ ಪೈಕಿ ಅಲ್ಲ. ಸಿನಿಮಾದ ದುಡ್ಡಿನಿಂದ ಹೊಟ್ಟೆ ತುಂಬುತ್ತದೆ, ಅದರಿಂದ ನಾಟಕವನ್ನು ನನ್ನ ಮನಸ್ಸಿಗೆ ಬಂದ ಹಾಗೆ ಬರೆಯಬಲ್ಲೆ ಎಂಬ ಅರ್ಥದ ಮಾತನ್ನು ಅವರು ಎಷ್ಟೋ ಸಲ ಬಿಚ್ಚಿ ಹೇಳಿದ್ದಾರೆ. ಲೆಕ್ಕ ಹಾಕಿ ನೋಡಿ. ‘ಯಯಾತಿ’ಯಿಂದ 2018ರ ‘ರಾಕ್ಷಸ ತಂಗಡಿ’ಯವರೆಗೆ 57 ವರ್ಷ. ಅಷ್ಟರಲ್ಲಿ ಬರೆದ ನಾಟಕಗಳು ಇಪ್ಪತ್ತು ಮುಟ್ಟುವುದಿಲ್ಲ. ‘ಹಯವದನ’ 1971ರದು, ‘ನಾಗಮಂಡಲ’ 1988ರದು. ನಾಟಕ ಬರೆದೇ ಅನ್ನ ಉಣ್ಣಬೇಕಿದ್ದರೆ ವರ್ಷಕ್ಕೊಂದು ಬರೆಯಬೇಕಾಗುತ್ತಿತ್ತು, ನಾವು ವಿಂಗಿನಲ್ಲಿ ಕೂತು ಇಪ್ಪತ್ತು ಸಲ ಮಾತು ಎತ್ತಿಕೊಡುವಂಥವನ್ನು ಬರೆಯಬೇಕಾಗುತ್ತಿತ್ತು. ಚಿರಂಜೀವಿಯ ತಂದೆಯಾಗಿ ನಿಂತು ಗಳಿಸಿದ ಸಂಬಳ ಕನ್ನಡ ನಾಟಕಕ್ಕೆ ಸಂದ ಹಣ ಎಂದೇ ಈಗ ನಾನು ತಿಳಿಯುತ್ತೇನೆ.

ಅವರ ದನಿಯೂ ನಮ್ಮ ಊರಿಗೆ ಒಮ್ಮೆ ಸೇವೆ ಮಾಡಿದೆ. ಇಲ್ಲಿನ ಕ್ಷಿಪಣಿ ಪ್ರಯೋಗಾಲಯವನ್ನು ಮುನ್ನಡೆಸಿದ ಅಬ್ದುಲ್ ಕಲಾಂ ಅವರ ‘ವಿಂಗ್ಸ್ ಆಫ್ ಫೈರ್’ 1999ರಲ್ಲಿ ಹೈದರಾಬಾದಿನ ಯೂನಿವರ್ಸಿಟೀಸ್ ಪ್ರೆಸ್ಸಿನಿಂದ ಪ್ರಕಟವಾಯಿತು. ಅದನ್ನು ಕೇಳುಪುಸ್ತಕ ಮಾಡಿದಾಗ ಕಲಾಂ ಅವರ ದನಿಯಾದವರು ಕಾರ್ನಾಡರು. ಅಪ್ಪನಿಗೆ ಕಣ್ಣು ಮಂಜಾದ ಮೇಲೆ ಕೆಲವು ಮಧ್ಯಾಹ್ನ ಅದನ್ನೇ ಹಾಕಿಕೊಟ್ಟಿದ್ದೇನೆ. ಇಂಗ್ಲಿಷ್ ಪೂರ್ತಿ ತಿಳಿಯದಿದ್ದರೂ ಮಾಸ್ತರನ ದನಿ ಎಂದು ಕೇಳುತ್ತಿದ್ದರು. ‘ನಿಶಾಂತ್’ ನೋಡಿದ ರಾತ್ರಿಯಿಂದ ಅಪ್ಪನ ಪಾಲಿಗೆ ಕಾರ್ನಾಡರು ಮಾಸ್ತರನೇ.

ನಿವೃತ್ತಿಯಾದ ಮೇಲೆ ಕೂತು ಓದುವಾಗ ನನಗೆ ಒಂದು ವಿಷಯ ಹೊಳೆಯಿತು. ಅದನ್ನು ಯಾರೂ ಇಷ್ಟು ನೇರವಾಗಿ ಹೇಳಿದ್ದನ್ನು ನಾನು ಕಂಡಿಲ್ಲ, ಅದಕ್ಕೇ ಬರೆಯುತ್ತಿದ್ದೇನೆ. ಕಾರ್ನಾಡರನ್ನು ನಾವು ಧಾರವಾಡದವರು ಅನ್ನುತ್ತೇವೆ, ಸರಿ. ಆದರೆ ಅವರ ಮೂರು ದೊಡ್ಡ ಚರಿತ್ರೆ ನಾಟಕಗಳು ನಿಂತಿರುವ ನೆಲ ಯಾವುದು ನೋಡಿ. ‘ತುಘಲಕ್’ ಹೋಗಿ ಸೇರುವುದು ದೌಲತಾಬಾದಿಗೆ. ಅದು 1956ರವರೆಗೂ ಹೈದರಾಬಾದ್ ರಾಜ್ಯದ ಔರಂಗಾಬಾದ್ ಸೀಮೆಯಲ್ಲಿತ್ತು. 1990ರ ‘ತಲೆದಂಡ’ ನಡೆಯುವುದು ಕಲ್ಯಾಣದಲ್ಲಿ, ಬೀದರ ಜಿಲ್ಲೆಯ ಇಂದಿನ ಬಸವಕಲ್ಯಾಣದಲ್ಲಿ. ಇನ್ನು ಕೊನೆಯ ನಾಟಕ ‘ರಾಕ್ಷಸ ತಂಗಡಿ’ 1565ರಲ್ಲಿ ವಿಜಯನಗರ ಸೋತ ಯುದ್ಧದ್ದು. ವಿಜಯನಗರದ ಎದುರು ನಿಂತ ಸೈನ್ಯಗಳಲ್ಲಿ ಒಂದು ಗೋಲ್ಕೊಂಡದ್ದು. ಕೀರ್ತಿನಾಥ ಕುರ್ತಕೋಟಿಯವರು ಕನ್ನಡದಲ್ಲಿ ಒಳ್ಳೆಯ ಐತಿಹಾಸಿಕ ನಾಟಕಗಳಿಲ್ಲ ಎಂದ ಮಾತೇ ‘ತುಘಲಕ್’ಗೆ ಪ್ರೇರಣೆಯಾಯಿತೆಂದು ಕಾರ್ನಾಡರು ನೆನೆದಿದ್ದಾರೆ. ಆ ಕೊರತೆಯನ್ನು ತುಂಬಲು ಅವರು ಮತ್ತೆ ಮತ್ತೆ ಬಂದದ್ದು ಈ ದಖ್ಖನ್ನಿಗೆ. ಎರಡು ಧರ್ಮ, ನಾಲ್ಕು ಭಾಷೆ ಒಂದೇ ಬೀದಿಯಲ್ಲಿ ನೀರು ತುಂಬಿಕೊಳ್ಳುವ ನೆಲಕ್ಕೆ. ಇಲ್ಲಿ ಆದರ್ಶಗಳನ್ನು ಕಟ್ಟಿದ್ದೂ ಉಂಟು, ಅವು ರಕ್ತದಲ್ಲಿ ಬಿದ್ದದ್ದೂ ಉಂಟು.

ಮೂರರಲ್ಲಿ ನನಗೆ ಅತ್ಯಂತ ಕಷ್ಟವಾಗುವುದು ‘ತಲೆದಂಡ’. ನಾವು ಲಿಂಗಾಯತರು, ವಚನ ಕೇಳುತ್ತ ಬೆಳೆದವರು. ಬ್ರಾಹ್ಮಣ ಹುಡುಗಿ, ಸಮಗಾರ ಹುಡುಗನ ಮದುವೆ, ಆಮೇಲಿನ ಘೋರ, ಇದನ್ನು ಚಿಕ್ಕಂದಿನಿಂದ ಪುರಾಣದಂತೆ ಕೇಳಿದ್ದೆ. ನಾಟಕದಲ್ಲಿ ಅದು ಪುರಾಣವಾಗಿ ಉಳಿಯುವುದಿಲ್ಲ. ದೇಶದಲ್ಲಿ ಮಂದಿರದ ಗದ್ದಲ, ಮಂಡಲ್ ವರದಿಯ ಗದ್ದಲ ಎದ್ದಿದ್ದ ವರ್ಷಗಳಲ್ಲಿ ಬಂದ ನಾಟಕ. ಆಗ ಹೈದರಾಬಾದಿನಲ್ಲಿ ಕರ್ಫ್ಯೂ ಬಿದ್ದ ಸಂಜೆಗಳಲ್ಲಿ ತಾಲೀಮು ಮಾಡಲಾಗದೆ, ಮನೆಯಲ್ಲೇ ಕೂತು ಒಬ್ಬನೇ ಎಲ್ಲ ಪಾತ್ರಗಳ ಮಾತನ್ನೂ ಓದುತ್ತಿದ್ದೆ. ‘ಅಗ್ನಿ ಮತ್ತು ಮಳೆ’ಯನ್ನು ವಿಮರ್ಶಕರು ಮೇಲೆ ಇಡುತ್ತಾರೆ. ಕಟ್ಟಡದ ಮಟ್ಟಿಗೆ ಅದು ದೊಡ್ಡದಿರಬಹುದು. ನನ್ನ ಎದೆಗೆ ತಾಕುವುದು ‘ತಲೆದಂಡ’.

‘ರಾಕ್ಷಸ ತಂಗಡಿ’ಯ ಪ್ರತಿಯನ್ನು ಧಾರವಾಡದಿಂದ ತರಿಸಿಕೊಂಡು ಒಂದು ಭಾನುವಾರ ಕುತುಬ್ ಶಾಹಿ ಗೋರಿಗಳ ತೋಟಕ್ಕೆ ಹೋದೆ. ಇಬ್ರಾಹೀಂ ಕುತುಬ್ ಶಾಹನ ಗೋರಿಯ ಕಟ್ಟೆಯ ಮೇಲೆ ಕೂತು ಓದಿ ಮುಗಿಸಿದೆ. ಈ ಇಬ್ರಾಹೀಂ ಪಟ್ಟಕ್ಕೆ ಬರುವ ಮೊದಲು ಅಣ್ಣನಿಗೆ ಹೆದರಿ ಊರು ಬಿಟ್ಟು, ಸುಮಾರು ಏಳು ವರ್ಷ ವಿಜಯನಗರದಲ್ಲಿ ಅಳಿಯ ರಾಮರಾಯನ ಆಶ್ರಯದಲ್ಲಿದ್ದವನು. ತೆಲುಗು ಕಲಿತವನು. ತೆಲುಗು ಕವಿಗಳು ಅವನನ್ನು ಪ್ರೀತಿಯಿಂದ ಮಲ್ಕಿಭರಾಮ ಎಂದು ಕರೆದರು. ಅದೇ ಮನುಷ್ಯ 1565ರ ಜನವರಿಯಲ್ಲಿ ತನ್ನನ್ನು ಸಾಕಿದವನ ಎದುರಿಗೆ ಸೈನ್ಯ ನಿಲ್ಲಿಸಿದ. ರಾಮರಾಯನ ತಲೆ ಹೋಯಿತು, ಹಂಪಿ ಹಾಳಾಯಿತು. ಆ ಇಬ್ರಾಹೀಮನ ಮಗನೇ ಚಾರ್‌ಮಿನಾರ್ ಕಟ್ಟಿಸಿದ ಮುಹಮ್ಮದ್ ಕುಲಿ, ‘ನಿಶಾಂತ್’ನಲ್ಲಿ ಕೇಳಿದ ಗಜಲಿನ ಕವಿ. ಎಂಬತ್ತರ ಹೊಸ್ತಿಲಲ್ಲಿ, ಮೂಗಿಗೆ ಆಮ್ಲಜನಕದ ನಳಿಕೆ ಸಿಕ್ಕಿಸಿಕೊಂಡು ಸಭೆಗಳಿಗೆ ಬರುತ್ತಿದ್ದ ಕಾರ್ನಾಡರು ಈ ಯುದ್ಧವನ್ನು ಹಿಂದೂ ಮುಸಲ್ಮಾನರ ಜಗಳವಾಗಿ ಬರೆಯಲಿಲ್ಲ. ಮನೆಯೊಳಗಿನವರ ಅವಮಾನ, ಅಹಂಕಾರ, ಹಳೆಯ ಲೆಕ್ಕಗಳ ಕಥೆಯಾಗಿ ಬರೆದರು. ಗೋರಿಯ ಕಟ್ಟೆಯ ಮೇಲೆ ಕೂತಿದ್ದ ನನಗೆ ಅದು ನಿಜವೆಂದು ಕಂಡಿತು.

2019ರ ಜೂನ್ 10ರಂದು ಅವರು ಬೆಂಗಳೂರಿನಲ್ಲಿ ತೀರಿಕೊಂಡರು. ಸರಕಾರಿ ಗೌರವ ಬೇಡ, ಹೂವಿನ ಹಾರ ಬೇಡ, ವಿಧಿಗಳು ಬೇಡ ಎಂದಿದ್ದರು, ಹಾಗೇ ಆಯಿತು. ಆ ಸಂಜೆ ಕಾಚಿಗುಡದಲ್ಲಿ ನಾವು ಉಳಿದ ನಾಲ್ವರು ಹಳಬರು ಸೇರಿದೆವು. ತುಘಲಕನ ಪಾತ್ರ ಮಾಡಿದ್ದ ಗೆಳೆಯನಿಗೆ ಆಗ ಮರೆವಿನ ಕಾಯಿಲೆ. ಮಗಳ ಹೆಸರೂ ಕೆಲವೊಮ್ಮೆ ನೆನಪಾಗುತ್ತಿರಲಿಲ್ಲ. ಆರನೆಯ ದೃಶ್ಯದ ಸುಲ್ತಾನನ ಮಾತಿನ ಮೊದಲ ಎರಡು ಶಬ್ದಗಳನ್ನು ಅವನ ಕಿವಿಯ ಹತ್ತಿರ ಹೇಳಿದೆ. ಅವನು ನೆಟ್ಟಗೆ ಕೂತು ಮುಂದಿನದನ್ನು ಪೂರ್ತಿ ಹೇಳಿದ. ಗಂಟಲಿನ ಆ ‘ಖ’ ಕೂಡ ಸರಿಯಾಗಿ ಬಂತು.

ಇದನ್ನು ಓದುತ್ತಿರುವವರಲ್ಲಿ ಹೈದರಾಬಾದಿನ ಕನ್ನಡದ ಹುಡುಗ ಹುಡುಗಿಯರಿದ್ದರೆ ಅವರಲ್ಲಿ ನನ್ನದೊಂದು ಕೋರಿಕೆ. ಐಟಿ ಕಂಪನಿಗಳಿಗೆಂದು ಬಂದವರು ಕೊಂಡಾಪುರ, ಗಚ್ಚಿಬೌಲಿ ಕಡೆ ಸಾವಿರಾರು ಮಂದಿ ಇದ್ದೀರಿ. ಗೋಲ್ಕೊಂಡ ನಿಮಗೆ ಹತ್ತಿರ. ಆ ಕೋಟೆಯ ಕೆಳಗೆ, ಎಲ್ಲಾದರೂ ಒಂದು ಬಯಲಿನಲ್ಲಿ, ‘ರಾಕ್ಷಸ ತಂಗಡಿ’ಯನ್ನು ಕನ್ನಡದಲ್ಲಿ ಆಡೋಣ. ರಾಮರಾಯನಿಗೆ ಒಬ್ಬರು ಬೇಕು, ಬಿಜಾಪುರದ ಅಲಿ ಆದಿಲ್ ಶಾಹನಿಗೆ ಒಬ್ಬರು ಬೇಕು. ಕನ್ನಡ ಮನೆಮಾತೇ ಆಗಿರಬೇಕೆಂದಿಲ್ಲ, ಬರೆದವರದೂ ಆಗಿರಲಿಲ್ಲ. ಉರ್ದು ಹೆಸರುಗಳ ಉಚ್ಚಾರ ನಾನು ಹೇಳಿಕೊಡುತ್ತೇನೆ, ಮಾಸ್ತರ್ ಸಾಹೇಬರಿಂದ ಕಲಿತದ್ದು. ಪುಸ್ತಕ ನನ್ನ ಹತ್ತಿರ ಇದೆ, ಎಲ್ಲ ಪಾತ್ರಗಳ ಮಾತನ್ನೂ ಬೇರೆ ಬೇರೆ ನೋಟ್‌ಬುಕ್ಕಿನಲ್ಲಿ ಬರೆದಿಟ್ಟಿದ್ದೇನೆ.